ಜಪ್ತಿ ಅಂಗಳ

ನನ್ನ ಗಾಡಿಯನ್ನು ಸುಣ್ಣ ತಪಾಸಣೆಯ ನಾಕಾದಲ್ಲಿ ಹಿಡಿದಿದ್ದಾರೆ ಎಂಬ ಸುದ್ದಿ ಬಂದಾಗ ನಾನು ಬ್ಯಾಂಕಿನ ಕಟ್ಟೆಯ ಮೇಲೆ ಕಾಯುತ್ತ ಕೂತಿದ್ದೆ. ಬ್ಯಾಂಕಿನ ತಿಜೋರಿಯನ್ನು ಬೆಳಿಗ್ಗೆಯೇ ಸರಿಸಬೇಕಿತ್ತು. ಬಿಸಿಲು ಏರಿತ್ತು. ಮ್ಯಾನೇಜರು ಹೊರಗೆ ಬಂದು ರಸ್ತೆಯುದ್ದಕ್ಕೂ ಕಣ್ಣು ಹಾಯಿಸಿ, ನನ್ನ ಮುಖ ನೋಡಿ ಒಳಗೆ ಹೋಗಿದ್ದರು. ಆಗ ಸೈಕಲ್ ಮೇಲೆ ಬಂದ ಹಾಲಿನವನೊಬ್ಬ ಕಾಲು ನೆಲಕ್ಕೂರದೆಯೇ, "ಕಸ್ತೂರವ್ವಾ, ನಿಮ್ಮ ಗಾಡಿ ಹಿಡದಾರ. ಮಾಬೂಸಾಬನ್ನೂ ಕೂಡಿಸ್ಯಾರ," ಎಂದು ಕೂಗಿ ಹೋದ.

ನಮ್ಮೂರಿನ ನೆಲ ನಿಂತದ್ದನ್ನು ಒಳಗೆ ಎಳೆದುಕೊಳ್ಳುತ್ತದೆ. ಒಮ್ಮೆಗೇ ಅಲ್ಲ, ದಿನಕ್ಕೆ ಬೆರಳಷ್ಟು, ಅರ್ಧ ಬೆರಳಷ್ಟು, ಭಾರ ಇದ್ದ ಹಾಗೆ. ಆದ್ದರಿಂದ ಬೆಳಗಾದರೆ ಎಲ್ಲರೂ ಎಲ್ಲವನ್ನೂ ಸರಿಸುತ್ತಾರೆ. ಮಂಚ, ಕಪಾಟು, ಒಳಕಲ್ಲು, ಕೋಳಿಗೂಡು. ಹಾಸಿಗೆ ಹಿಡಿದವರನ್ನು ಹಾಸಿಗೆಯ ಸಮೇತ. ಬೇರೆ ಊರಲ್ಲಿ ಊಟ ಆಯಿತೇ ಎಂದು ಕೇಳುವ ಹಾಗೆ ಇಲ್ಲಿ "ಸರಿಸಿದ್ರ್ಯಾ?" ಎಂದು ಕೇಳುತ್ತಾರೆ. ಹೆಣ್ಣು ನೋಡಲು ಬಂದವರು ಹುಡುಗಿಯನ್ನು ಹಾಡಿಸುವುದಿಲ್ಲ, ಬೀಸುಕಲ್ಲು ಸರಿಸು ಎನ್ನುತ್ತಾರೆ. ಸುಣ್ಣ ಕಂಡರೆ ಮಾತ್ರ ನೆಲ ತಡೆಯುತ್ತದೆ. ಹಾಗಾಗಿ ಮನೆಗಳು ಸುಣ್ಣದ ಹಾಸಿನ ಮೇಲೆ ನಿಂತಿವೆ. ಹಾಸು ಸವೆದಂತೆ ಮತ್ತೆ ಸುಣ್ಣ ತುಂಬಬೇಕು. ಒಂದು ಕಣ್ಣಿಗೆ ಬೆಣ್ಣೆ, ಒಂದು ಕಣ್ಣಿಗೆ ಸುಣ್ಣ ಎಂಬ ಗಾದೆ ಇಲ್ಲಿ ನಡೆಯುವುದಿಲ್ಲ. ಇಲ್ಲಿನವರಿಗೆ ಎರಡೂ ಕಣ್ಣಿಗೆ ಸುಣ್ಣವೇ ಬೇಕು. ಗುಡ್ಡದ ಗಣಿ ಬರಿದಾಗುತ್ತ ಬಂದ ಮೇಲೆ ಸರಕಾರ ಸುಣ್ಣವನ್ನು ನಿಯಂತ್ರಣಕ್ಕೆ ತೆಗೆದುಕೊಂಡಿತು. ಮನೆಗಿಷ್ಟು ಎಂದು ಪರವಾನಗಿ. ಪರವಾನಗಿಯಿಲ್ಲದ ಸುಣ್ಣ ಸಿಕ್ಕರೆ ಸುಣ್ಣವೂ ಜಪ್ತಿ, ಅದನ್ನು ಹೊತ್ತ ಗಾಡಿಯೂ ಜಪ್ತಿ.

ನನ್ನದು ಸರಿಸುವ ಗಾಡಿ. ಬೆನ್ನ ಮೇಲೆ ರಾಟೆ, ಉಕ್ಕಿನ ಹಗ್ಗ, ಕೊಕ್ಕೆ ಇರುವ ಹಳೆಯ ಹಸಿರು ಲಾರಿ. ಮನುಷ್ಯರ ಕೈಗೆ ಜಗ್ಗದ್ದನ್ನು, ಅಂದರೆ ಗಿರಣಿಯ ಯಂತ್ರ, ತಿಜೋರಿ, ಬಡಿಗರ ಗರಗಸದ ಮೇಜು ಇಂಥವನ್ನು, ದಿನವೂ ಒಂದು ಗೇಣು ಆಚೆಗೆಳೆದು ಬರುವುದು ನಮ್ಮ ಉದ್ಯೋಗ. ಬಹಳ ವರ್ಷ ನಾನೇ ಓಡಿಸಿದೆ. ಮೊಣಕಾಲು ಕೈಕೊಟ್ಟ ಮೇಲೆ, ರಾಟೆಯ ಕೆಲಸ ಮಾಡಿಕೊಂಡಿದ್ದ ಮಾಬೂಸಾಬನ ಕೈಗೆ ಸ್ಟೇರಿಂಗ್ ಕೊಟ್ಟೆ. ಅವನು ನನಗಿಂತ ಸ್ವಲ್ಪ ಚಿಕ್ಕವನು. ಕಡಿಮೆ ಮಾತು. ಗಾಡಿಯ ಬಾಗಿಲಲ್ಲಿ "ಸುಣ್ಣ ಸಾಗಿಸುವುದಿಲ್ಲ" ಎಂದು ನಾನು ಬರೆಸಿದಾಗ, ಅಕ್ಷರ ಓರೆಯಾಗಿವೆ ಎಂದು ಪೇಂಟರನ ಕೈಯಿಂದ ಮತ್ತೆ ಬರೆಸಿದವನು ಅವನೇ.

ಆ ಬಾಗಿಲ ಹಿಂದೆ, ಸೀಟಿನ ಕೆಳಗೆ, ಎರಡು ಚೀಲ ಸುಣ್ಣ ಸಿಕ್ಕಿತ್ತು.

ನಾನು ಜಪ್ತಿ ಅಂಗಳಕ್ಕೆ ಹೋಗುವಷ್ಟರಲ್ಲಿ ಗಾಡಿಯನ್ನು ಒಳಗೆ ನಿಲ್ಲಿಸಿಯಾಗಿತ್ತು. ಸುಣ್ಣದ ಕಚೇರಿಯ ಹಿಂಭಾಗದಲ್ಲಿದೆ ಆ ಅಂಗಳ. ಕಚೇರಿಯ ಕೆಳಗೆ ಮೊಣಕಾಲುದ್ದ ಸುಣ್ಣ ತುಂಬಿದ್ದಾರೆ, ಗೋಡೆಯ ಕೆಳಗೂ ತುಂಬಿದ್ದಾರೆ. ಅಂಗಳ ಮಾತ್ರ ಬರಿಯ ಮಣ್ಣು. ಅಲ್ಲಿ ನಿಂತ ಎತ್ತಿನ ಗಾಡಿಗಳ ಮೂಕಿಮರಗಳು ಮಾತ್ರ ಕಾಣುತ್ತಿದ್ದವು. ಒಂದು ಟ್ರ್ಯಾಕ್ಟರಿನ ಹೊಗೆಕೊಳವೆ ನೆಲದಿಂದ ಹುಟ್ಟಿದ ಗಿಡದ ಹಾಗೆ ನಿಂತಿತ್ತು. ಊರಿನಲ್ಲಿ ಏನನ್ನೂ ಸರಿಸದ ಜಾಗ ಅದೊಂದೇ.

ಕಾವಲುಗಾರ ದುರ್ಗಪ್ಪ ಗೇಟಿನಲ್ಲಿ ಕೂತಿದ್ದ. ನಾನು, "ಅಣ್ಣಾ, ದಿನಾ ಬೆಳಿಗ್ಗೆ ಬಂದು ಒಂದು ಗೇಣು ಸರಿಸಿ ಹೋಗ್ತೀನಿ. ಬಿಡೂದಿಲ್ಲೇನು?" ಎಂದು ಕೇಳಿದೆ.

"ನನಗೇನ್ ಕೇಳ್ತೀರಿ? ಸಾಹೇಬರನ್ನ ಕೇಳ್ರಿ," ಎಂದ. ಆಮೇಲೆ, "ಎಲ್ಲಾರೂ ಮೊದಲ ಇದನ್ನ ಕೇಳ್ತಾರ," ಎಂದ.

ಸಾಹೇಬರ ಹೆಸರು ಹಂಚಿನಾಳ. ಕೆಟ್ಟ ಮನುಷ್ಯರಲ್ಲ. ಕೂರಲು ಹೇಳಿದರು, ನೀರು ತರಿಸಿದರು. ಗಾಡಿ ಸರಿಸುವ ಮಾತೆತ್ತಿದಾಗ ಮಾತ್ರ ತಲೆಯಾಡಿಸಿದರು. "ಅದು ಸಾಕ್ಷ್ಯ ಅಮ್ಮಾ. ಎಲ್ಲಿ ನಿಲ್ಲಿಸಿದೆವೋ ಅಲ್ಲೇ ಇರಬೇಕು. ಸರಿಸಿದರೆ ಸಾಕ್ಷ್ಯ ತಿದ್ದಿದ ಹಾಗಾಗುತ್ತದೆ."

"ಮುಳುಗಿ ಹೋದರೆ ಸಾಕ್ಷ್ಯ ಎಲ್ಲಿ ಉಳೀತದರಿ?"

"ಇದ್ದಲ್ಲೇ ಇರುತ್ತದಲ್ಲ," ಎಂದರು ಅವರು. ವ್ಯಂಗ್ಯವೇನೂ ಇರಲಿಲ್ಲ. ನಿಜವಾಗಿಯೂ ಹಾಗೇ ತಿಳಿದಿದ್ದರು.

ಆ ಸಂಜೆ ಇಜಾರಿ ವಕೀಲರ ಮನೆಗೆ ಹೋದೆ. ನಿಯಂತ್ರಣದ ಮೊಕದ್ದಮೆಗಳನ್ನೇ ನಡೆಸಿ ಕೂದಲು ಬೆಳ್ಳಗಾದವರು. ನಾನು ಹೇಳುವುದನ್ನೆಲ್ಲ ಕಣ್ಣು ಮುಚ್ಚಿ ಕೇಳಿದರು. ನಿದ್ದೆ ಹೋದರೇನೋ ಅಂದುಕೊಂಡೆ. ಕಣ್ಣು ತೆರೆದು, "ನಿಮಗ ಗೊತ್ತಿತ್ತೇನು?" ಎಂದು ಕೇಳಿದರು.

"ಇಲ್ಲ."

"ಹಂಗಾದ್ರ ಕೇಳ್ರಿ. ಸರಕಾರಕ್ಕ ಗಾಡಿ ಕಸಿದುಕೊಳ್ಳೋ ಅಧಿಕಾರ ಐತಿ. ಆದ್ರ ಅದಕ್ಕೂ ಬೇಲಿ ಅದಾವ. ನಿಮಗ ನೋಟೀಸ್ ಕೊಡದ, ನಿಮ್ಮ ಮಾತು ಕೇಳದ ಕಸಿದುಕೊಳ್ಳೂ ಹಂಗಿಲ್ಲ. ನಿಮಗ ಗೊತ್ತಿಲ್ಲದ, ನಿಮ್ಮ ಸಮ್ಮತಿ ಇಲ್ಲದ ಡ್ರೈವರ್ ಒಯ್ದಿದ್ದ, ನೀವು ಮಾಡೂ ಎಚ್ಚರಿಕಿ ಎಲ್ಲಾ ಮಾಡೀರಿ ಅಂತ ತೋರಿಸಿದ್ರ, ಗಾಡಿ ಮುಟ್ಟೂ ಹಂಗಿಲ್ಲ. ಅದೂ ಆಗಲಿಲ್ಲ ಅಂತ ತಿಳೀರಿ. ಬಾಡಿಗಿ ದುಡಿಯೋ ಗಾಡಿ ಇದು, ದಂಡ ಕಟ್ಟಿ ಬಿಡಿಸಿಕೊಳ್ತೀರೇನು ಅಂತ ಕೇಳಬೇಕು. ಆ ದಂಡ ಸಿಕ್ಕ ಸುಣ್ಣದ ಬೆಲಿ ದಾಟೂ ಹಂಗಿಲ್ಲ. ಗಾಡಿ ಬೆಲಿ ಅಲ್ಲ. ಸುಣ್ಣದ ಬೆಲಿ."

"ಅಂದ್ರ ಗಾಡಿ ಸಿಗತದ."

"ಸಿಗತದ," ಎಂದರು ಇಜಾರಿಯವರು. ಸಂತೋಷದ ಮಾತನ್ನು ಅಷ್ಟು ಸುಸ್ತಾಗಿ ಹೇಳಿದವರನ್ನು ನಾನು ನೋಡಿರಲಿಲ್ಲ. "ಯಾವಾಗ ಅಂತ ಮಾತ್ರ ಕಾನೂನು ಹೇಳಂಗಿಲ್ಲ."

ಮಾಬೂಸಾಬ ಜಾಮೀನಿನ ಮೇಲೆ ಹೊರಬಂದು ನೇರವಾಗಿ ನಮ್ಮ ಮನೆಗೆ ಬಂದ. ನಾನು ಒಳಗೆ ಬಾ ಎನ್ನಲಿಲ್ಲ. ಬಾಗಿಲಲ್ಲಿ ನಿಂತ. ಮುಖ ಬಾಡಿತ್ತು. ಸುಣ್ಣ ಯಾರಿಗೆಂದು ನಾನು ಕೇಳಲಿಲ್ಲ, ಅವನು ಹೇಳಲಿಲ್ಲ, ಇಬ್ಬರಿಗೂ ಗೊತ್ತಿತ್ತು. ಅವನ ಅಕ್ಕ ಖಾಜಾಬಿಗೆ ಬೆನ್ನು ಬಾಗುವುದಿಲ್ಲ. ಅವಳ ಮನೆಯ ಬಾಗಿಲು ಅರ್ಧ ಇಳಿದು, ಹೊರಗೆ ಬರಬೇಕಾದರೆ ಹೊಟ್ಟೆಯ ಮೇಲೆ ತೆವಳಬೇಕಿತ್ತು. ಅವಳಿಗೆ ಪರವಾನಗಿ ಇರಲಿಲ್ಲ. ಮನೆ ಸತ್ತ ಮಾವನ ಹೆಸರಿನಲ್ಲಿತ್ತು, ಸತ್ತವರಿಗೆ ಸರಕಾರ ಸುಣ್ಣ ಕೊಡುವುದಿಲ್ಲ.

"ನನ್ನ ಒಂದು ಮಾತು ಕೇಳಬೇಕಿತ್ತು ನೀನು," ಎಂದೆ.

"ಕೇಳಿದ್ರ ಬ್ಯಾಡ ಅಂತಿದ್ರಿ."

"ಹೌದು, ಅಂತಿದ್ದೆ."

"ಅದಕ್ಕ ಕೇಳಲಿಲ್ಲಕ್ಕಾ," ಎಂದ. "ಎಲ್ಲಾ ನನ್ನ ಮ್ಯಾಲ ಹಾಕ್ರಿ. ಸುಳ್ಳೇನಲ್ಲಲ್ಲ. ನಾನೂ ಹಂಗ ಹೇಳ್ತೀನಿ."

ನನಗೆ ಸಿಟ್ಟು ಬಂದಿತ್ತು. ಅವನ ಅಕ್ಕನ ಬಾಗಿಲು ಇಳಿದದ್ದಕ್ಕೆ ನನ್ನ ಅನ್ನ ಯಾಕೆ ಇಳಿಯಬೇಕು ಎಂಬ ಸಿಟ್ಟು. ಆದರೆ ಅವನು ಹೋದ ಮೇಲೆ ಕಣ್ಣ ಮುಂದೆ ಬಂದದ್ದು ಗಾಡಿಯಲ್ಲ, ಖಾಜಾಬಿ ತೆವಳುವುದು. ಅದಕ್ಕೂ ಸಿಟ್ಟು ಬಂತು.

ನೋಟೀಸ್ ಬರಲು ಬಹಳ ದಿನ ಹಿಡಿಯಿತು. ಅಷ್ಟರಲ್ಲಿ ಗಾಡಿಯ ಗಾಲಿಗಳು ಮುಳುಗಿದ್ದವು. ನಾನು ದಿನವೂ ಬೆಳಿಗ್ಗೆ ನನ್ನ ಮನೆಯದೆಲ್ಲ ಸರಿಸಿ ಮುಗಿಸಿ, ಕುಂಟುತ್ತ ಅಂಗಳದ ಗೇಟಿಗೆ ಹೋಗಿ ನಿಲ್ಲುತ್ತಿದ್ದೆ. ನೋಡಿ ಮಾಡುವುದೇನೂ ಇರಲಿಲ್ಲ. ಸರಿಸುವುದೇ ಕೈಗಳ ಅಭ್ಯಾಸ. ಸುಮ್ಮನೆ ನಿಂತದ್ದನ್ನು ಕಂಡರೆ ಅಂಗೈ ನವೆಯಾಗುತ್ತಿತ್ತು. ದುರ್ಗಪ್ಪ ಮೊದಮೊದಲು ಮಾತಾಡುತ್ತಿದ್ದ, ಆಮೇಲೆ ಸುಮ್ಮನೆ ಒಂದು ಸ್ಟೂಲನ್ನು ನನ್ನ ಕಡೆ ತಳ್ಳುತ್ತಿದ್ದ. ಬ್ಯಾಂಕಿನವರು ಪಕ್ಕದ ಊರಿಂದ ಬೇರೆ ಗಾಡಿ ಗೊತ್ತು ಮಾಡಿಕೊಂಡರು. ಗಿರಣಿಯವನು ಕೆಲವು ದಿನ ಆಳುಗಳನ್ನಿಟ್ಟು ಸನ್ನೆಕೋಲು ಹಾಕಿ ಎಳೆಸಿದ. ಒಬ್ಬನ ಬೆರಳು ಜಜ್ಜಿದ ಮೇಲೆ ಅವನೂ ಬೇರೆಯವರನ್ನು ಹುಡುಕಿಕೊಂಡ. ಯಾರ ಮೇಲೂ ನನಗೆ ದೂರಿಲ್ಲ. ಭಾರ ಇದ್ದವರು ಕಾಯಲಾರರು.

ವಿಚಾರಣೆ ನಡೆದದ್ದು ಹಂಚಿನಾಳರ ಕೋಣೆಯಲ್ಲೇ. ಹಿಡಿದವರೂ ಅವರೇ, ವಿಚಾರಿಸುವವರೂ ಅವರೇ. ಮಾಬೂಸಾಬ ಗೋಡೆಗೆ ಅಂಟಿಕೊಂಡು ನಿಂತು, "ಕಸ್ತೂರಕ್ಕಗ ಗೊತ್ತಿಲ್ಲರಿ. ನಾನ ಇಟ್ಟದ್ದು," ಎಂದ. ಬೇರೆ ಏನು ಕೇಳಿದರೂ ಅದನ್ನೇ ಹೇಳಿದ.

ಸಾಹೇಬರು ನನ್ನತ್ತ ತಿರುಗಿದರು. "ಇವನ ಅಕ್ಕನ ಮನೆ ಇಳಿಯುತ್ತಿದೆ ಎಂದು ನಿಮಗೆ ಗೊತ್ತಿತ್ತೋ ಇಲ್ಲವೋ?"

ಇಜಾರಿಯವರು ಕೆಮ್ಮಿದರು. ಹುಷಾರು ಎಂಬ ಕೆಮ್ಮು. ನನಗೆ ಸುಳ್ಳು ಹೇಳುವ ಶಕ್ತಿಯೂ ಇರಲಿಲ್ಲ. "ಗೊತ್ತಿತ್ತು," ಎಂದೆ.

"ಗೊತ್ತಿದ್ದೂ ಗಾಡಿಯನ್ನು ಅವನ ಕೈಗೆ ಕೊಟ್ಟಿರಿ. ಇದು ಎಚ್ಚರಿಕೆಯೇ?"

"ಈ ಊರಾಗ ಯಾರ ಮನಿ ಇಳೀವಲ್ದರಿ ಸಾಹೇಬ್ರ? ಮನಿ ಇಳಿಯೂ ಮಂದೀನ ಕೆಲಸಕ್ಕ ತಗೋಬಾರದು ಅಂದ್ರ ನಾನು ಗಾಡಿ ಯಾರ ಕೈಯಾಗ ಕೊಡ್ಲಿ? ನಿಮ್ಮ ಕೈಯಾಗ ಕೊಡಬೇಕಾಗ್ತದ. ಕಚೇರಿ ಒಂದ ನಿಂತದ ಗಟ್ಟಿ."

ಬರೆದುಕೊಳ್ಳುತ್ತಿದ್ದ ಗುಮಾಸ್ತ ಪೆನ್ನು ಎತ್ತಿ, ಇದನ್ನು ಬರೆಯಲೋ ಬೇಡವೋ ಎಂಬಂತೆ ನೋಡಿದ. ಸಾಹೇಬರು ಬೇಡವೆಂದು ಕೈಯಾಡಿಸಿದರು.

ಅವರ ಆದೇಶ ನನ್ನ ವಿರುದ್ಧ ಬಂತು. ಡ್ರೈವರನ ಕಷ್ಟ ತಿಳಿದಿದ್ದವಳು ಅವನ ಕೃತ್ಯವನ್ನೂ ತಿಳಿದಿದ್ದಳು ಎಂದೇ ಭಾವಿಸಬೇಕು. ಗಾಡಿ ಸರಕಾರದ ಪಾಲು. ಬೇಕಿದ್ದರೆ ಗಾಡಿಯ ಬೆಲೆಯಷ್ಟೇ ದಂಡ ಕಟ್ಟಿ ಒಯ್ಯಬಹುದು. ಇಜಾರಿಯವರು ಕಾನೂನಿನ ಪುಸ್ತಕ ಬಿಚ್ಚಿ ಮೇಜಿನ ಮೇಲಿಟ್ಟರು. "ಸುಣ್ಣದ ಬೆಲಿ ದಾಟೂ ಹಂಗಿಲ್ಲ ಅಂತ ಇಲ್ಲಿ ಐತಿ. ನೀವ ಓದ್ರಿ."

ಹಂಚಿನಾಳರು ಓದಿದರು. ಪೂರ್ತಿ ಓದಿ ಪುಸ್ತಕ ಮುಚ್ಚಿ, ಮರ್ಯಾದೆಯಿಂದಲೇ ಹಿಂದಕ್ಕೆ ಕೊಟ್ಟರು. "ಎರಡು ಚೀಲದ ಬೆಲೆಗೆ ಗಾಡಿ ಬಿಡುತ್ತ ಹೋದರೆ ನಾಳೆ ಇಡೀ ಗುಡ್ಡ ಖಾಲಿಯಾಗುತ್ತದೆ ವಕೀಲರೇ. ಆಮೇಲೆ ಯಾರ ಮನೆಗೂ ಹಾಸು ಇರುವುದಿಲ್ಲ. ನೀವು ಮೇಲೆ ಹೋಗಿ. ಮೇಲಿನವರು ಹೇಳಿದರೆ ಬಿಡುತ್ತೇನೆ." ಅವರ ಮಾತಿನಲ್ಲೂ ಸತ್ಯವಿತ್ತು ಎಂಬುದೇ ನನ್ನನ್ನು ಹೆಚ್ಚು ದಣಿಸಿತು. ಪೂರ್ತಿ ತಪ್ಪು ಮಾತಾಡುವವರ ಜೊತೆ ಜಗಳವಾಡಿದರೆ ಇಷ್ಟು ಸುಸ್ತಾಗುವುದಿಲ್ಲ.

ಮೇಲೆ ಹೋದೆವು. ನ್ಯಾಯಾಲಯದಲ್ಲಿ ಮಧ್ಯಾಹ್ನ ಗಂಟೆ ಬಾರಿಸಿದರೆ ಎಲ್ಲರೂ ಎದ್ದು ತಂತಮ್ಮ ಕುರ್ಚಿಯನ್ನು ಒಂದು ಗೇಣು ಪಕ್ಕಕ್ಕೆ ಇಡುತ್ತಾರೆ. ನ್ಯಾಯಾಧೀಶರೂ ಏಳುತ್ತಾರೆ, ಕಟಕಟೆಯನ್ನು ಇಬ್ಬರು ಜವಾನರು ಎಳೆಯುತ್ತಾರೆ. ಎಷ್ಟೋ ಸಲ ನಮ್ಮ ಸರದಿ ಬರುವಷ್ಟರಲ್ಲಿ ಆ ಗಂಟೆ ಬಾರಿಸುತ್ತಿತ್ತು, ಕುರ್ಚಿ ಸರಿಸಿ ಮುಗಿಸುವಷ್ಟರಲ್ಲಿ ತಾರೀಖು ಮುಂದೆ ಹೋಗುತ್ತಿತ್ತು. ಗಾಡಿಯ ಬಾಗಿಲಿನ ಹಿಡಿಕೆ ಮಣ್ಣಿಗೆ ಮುಟ್ಟಿತು. ಸುಣ್ಣ ಸಾಗಿಸುವುದಿಲ್ಲ ಎಂಬ ಅಕ್ಷರಗಳಲ್ಲಿ ಅರ್ಧ ಮೇಲೆ, ಅರ್ಧ ಕೆಳಗೆ. ಮಾಬೂಸಾಬ ಪ್ರತಿ ತಾರೀಖಿಗೂ ಬಂದು ಹಿಂದಿನ ಬೆಂಚಿನಲ್ಲಿ ಕೂರುತ್ತಿದ್ದ. ನನ್ನ ಪಕ್ಕ ಕೂರು ಎಂದು ನಾನು ಹೇಳಿರಲಿಲ್ಲ. ಒಂದು ದಿನ ಮೊಣಕಾಲು ಹಿಡಿದುಕೊಂಡು ಏಳಲಾಗಲಿಲ್ಲ. ಅವನು ಬಂದು ಕುರ್ಚಿಯ ಸಮೇತ ನನ್ನನ್ನೆತ್ತಿ ಪಕ್ಕಕ್ಕಿಟ್ಟು, ಮತ್ತೆ ಹೋಗಿ ಹಿಂದೆ ಕೂತ. ಅದರ ಮುಂದಿನ ತಾರೀಖಿನಿಂದ ಪಕ್ಕದಲ್ಲೇ ಕೂರಿಸಿಕೊಂಡೆ.

ಕೊನೆಗೂ ನ್ಯಾಯಾಧೀಶರು ನಮ್ಮ ಮಾತು ಕೇಳಿದರು. ಅವರು ಹೊಸದಾಗಿ ಬಂದ ಹೆಣ್ಣುಮಗಳು, ಕನ್ನಡಕ ಹಣೆಗೇರಿಸಿಕೊಂಡು ಓದುವವರು. ಸರಕಾರದ ವಕೀಲರನ್ನು, "ಈಕೆ ಸುಣ್ಣವನ್ನು ನೋಡಿದಳು ಎನ್ನುವ ಸಾಕ್ಷಿ ಯಾರಾದರೂ ಇದ್ದಾರೆಯೇ?" ಎಂದು ಕೇಳಿದರು.

"ಇಲ್ಲ. ಆದರೆ ಡ್ರೈವರನ ಮನೆಯ ಸ್ಥಿತಿ ಗೊತ್ತಿತ್ತು ಎಂದು ಆಕೆಯೇ ಒಪ್ಪಿದ್ದಾರೆ."

"ಇನ್ನೊಬ್ಬರ ಕಷ್ಟ ಗೊತ್ತಿರುವುದು ಅಪರಾಧ ಗೊತ್ತಿರುವುದಕ್ಕೆ ಸಮವಲ್ಲ," ಎಂದರು ನ್ಯಾಯಾಧೀಶರು. "ಸಮವೆಂದರೆ ನಾವೆಲ್ಲ ನೆರೆಹೊರೆಯವರತ್ತ ನೋಡುವುದನ್ನೇ ಬಿಡಬೇಕಾಗುತ್ತದೆ." ಗಾಡಿಯ ಬೆಲೆಯಷ್ಟು ದಂಡ ಕೇಳಿದ್ದು ಅಧಿಕಾರ ಮೀರಿದ್ದು, ಗಾಡಿಯನ್ನು ಕಸಿದದ್ದೇ ಊರ್ಜಿತವಲ್ಲ, ಕೂಡಲೇ ಮಾಲೀಕಳಿಗೆ ಕೊಡತಕ್ಕದ್ದು ಎಂದು ಓದಿದರು. ಅದೇ ಬಾಯಿಯಿಂದ, ಅದೇ ವಾರ, ಮಾಬೂಸಾಬನಿಗೆ ಮೂರು ತಿಂಗಳ ಸಜೆಯನ್ನೂ ಓದಿದರು. ಅವನು ಸುಣ್ಣ ಒಯ್ದದ್ದು ನಿಜ. ಅದಕ್ಕೆ ಕಾನೂನಿನಲ್ಲಿ ಬೇಲಿ ಇರಲಿಲ್ಲ. ಜೈಲಿಗೆ ಹಾಜರಾಗಲು ಸ್ವಲ್ಪ ದಿನಗಳ ಅವಕಾಶ ಕೊಟ್ಟರು.

ಆದೇಶ ಹಿಡಿದು ಅಂಗಳಕ್ಕೆ ಹೋದರೆ ದುರ್ಗಪ್ಪ ಗೇಟನ್ನು ಅಗಲವಾಗಿ ತೆರೆದ. "ಒಯ್ಯಿರಿ," ಎಂದ.

"ಹ್ಯಾಂಗ ಒಯ್ಯಲಿ? ತೆಗೆದುಕೊಡಬೇಕಲ್ಲ."

"ಕೊಡಬೇಕು ಅಂತ ಐತ್ರಿ. ತೆಗೀಬೇಕು ಅಂತ ಇಲ್ಲ," ಎಂದ ದುರ್ಗಪ್ಪ. ಹೇಳಿ ಅವನಿಗೇ ನಾಚಿಕೆಯಾಯಿತೇನೋ, ಕಚೇರಿಯ ಹಿಂದಿನ ಗುದ್ದಲಿ ತಂದುಕೊಟ್ಟ.

ಮಾಬೂಸಾಬ ಅಂಗಿ ಬಿಚ್ಚಿ ಅಗೆಯಲು ಶುರುಮಾಡಿದ. ಜೈಲಿಗೆ ಹೋಗುವ ಮುನ್ನ ಮಾಡಬೇಕಾದ ಕೆಲಸ ಮನೆಯಲ್ಲಿ ಬೇಕಾದಷ್ಟಿತ್ತು. "ನೀ ಹೋಗೋ ಮಾರಾಯ, ಅಕ್ಕನ ಹಂತ್ಯಾಕ ಇರು," ಎಂದರೆ, "ಅಕ್ಕನ ಕಳಿಸ್ಯಾಳ," ಎಂದ. ಗಿರಣಿಯವನು ಎರಡು ದಿನ ತನ್ನ ಆಳುಗಳನ್ನು ಕಳಿಸಿದ. ಬ್ಯಾಂಕಿನವರು ಬರಲಿಲ್ಲ. ನಾನು ಬುಟ್ಟಿ ತುಂಬಿ ಕೊಡುತ್ತಿದ್ದೆ, ಮೊಣಕಾಲು ಬೇಡವೆಂದಾಗ ಕೂರುತ್ತಿದ್ದೆ. ಗಾಡಿಯ ಗಾಲಿಗಳು ಒಂದೊಂದಾಗಿ ಕಾಣಿಸಿದವು. ನಾಲ್ಕನೆಯ ಗಾಲಿಯ ಕೆಳಗೆ ಗುದ್ದಲಿ ಹಾಕಿದಾಗ ಠಣ್ ಎಂದಿತು.

ಮಾಬೂಸಾಬ ಮಣ್ಣು ಸವರಿದ. ನೀಲಿ ಬಣ್ಣದ ತಗಡು. ಇನ್ನಷ್ಟು ಸವರಿದ. ಅದೊಂದು ವ್ಯಾನಿನ ಮಾಡು, ಅದರ ಮೇಲೆ ಸಾಮಾನು ಕಟ್ಟುವ ಕಂಬಿ. ನಮ್ಮ ಗಾಡಿಯ ಭಾರವೆಲ್ಲ ಆ ಮಾಡಿನ ಮೇಲೆ ಕೂತಿತ್ತು. ಹಿಡಿಕೆ ಮಣ್ಣಿಗೆ ಮುಟ್ಟಿದ ಮೇಲೆ ಬಹಳ ದಿನ ನಮ್ಮ ಗಾಡಿ ಯಾಕೆ ಇನ್ನೂ ಕೆಳಗೆ ಇಳಿದಿರಲಿಲ್ಲ ಎನ್ನುವುದು ಆಗ ತಿಳಿಯಿತು.

"ಅಕ್ಕಾ, ಇದು ಇಲ್ಲದಿದ್ರ ನಮ್ಮದು ಇಷ್ಟೊತ್ತಿಗೆ ಕಾಣ್ತಿರಲಿಲ್ಲ," ಎಂದ ಮಾಬೂಸಾಬ.

ಗಿರಣಿಯವನ ಟ್ರ್ಯಾಕ್ಟರ್ ಕಟ್ಟಿ ನಮ್ಮ ಗಾಡಿಯನ್ನು ಹೊರಗೆಳೆದು ಗೇಟಿನಾಚೆ ನಿಲ್ಲಿಸಿದೆವು. ಎಂಜಿನ್‌ನೊಳಗಿನ ಮಣ್ಣು ತೆಗೆದು ಮಾಬೂಸಾಬ ಎರಡು ದಿನ ಒದ್ದಾಡಿದ ಮೇಲೆ ಅದು ಕೆಮ್ಮಿತು, ಆಮೇಲೆ ಉಸಿರಾಡಿತು. ನನಗೆ ಮನೆಗೆ ಹೋಗಿ ಮಲಗಿದರೆ ಸಾಕಾಗಿತ್ತು. ಗುಂಡಿ ಮುಚ್ಚಿಸಿ ಹೋಗಿ ಎಂದು ದುರ್ಗಪ್ಪ ಹೇಳುತ್ತಿದ್ದಾಗ ಇಜಾರಿ ವಕೀಲರು ಬಂದರು. ಗಾಡಿ ಹೊರಗೆ ಬಂದದ್ದನ್ನು ನೋಡಲೆಂದು ಬಂದವರು ಗುಂಡಿಯ ಅಂಚಿಗೆ ಹೋಗಿ ನಿಂತರು. ಬಹಳ ಹೊತ್ತು ಅಲ್ಲಿಂದ ಕದಲಲಿಲ್ಲ. ಈ ಊರಿನಲ್ಲಿ ಅಷ್ಟು ಹೊತ್ತು ಯಾರೂ ಒಂದೇ ಕಡೆ ನಿಲ್ಲುವುದಿಲ್ಲ.

"ಇದು ರಾಚಪ್ಪಂದು," ಎಂದರು. "ಬ್ರೆಡ್ಡಿನ ವ್ಯಾನು. ಟ್ರೇಗಳ ಕೆಳಗ ಆಳು ಸುಣ್ಣ ಇಟ್ಟಿದ್ದ. ಚೆಲ್ಲಿದ ಆ ಪುಡಿಗೇ ಇಷ್ಟರಾಗ ನಿಂತಿರಬೇಕು. ನಾನು ಕರೀಕೋಟು ಹಾಕಿದ ಮ್ಯಾಲ ನಡೆಸಿದ ಮೊದಲ್ನೇ ಕೇಸು."

"ಸೋತ್ರ್ಯಾ?" ಎಂದೆ.

"ಗೆದ್ದೆ." ಅವರು ಕನ್ನಡಕ ತೆಗೆದು ಒರೆಸಿಕೊಂಡರು. "ಗೆದ್ದು, ಆದೇಶ ಅವನ ಕೈಯಾಗ ಇಟ್ಟು, ಕೈ ಕುಲುಕಿ, ಮನಿಗೆ ಹೋಗಿ ಹೋಳಿಗಿ ಉಂಡೆ. ಆಮ್ಯಾಲ ಏನಾತು ಅಂತ ನಾ ಕೇಳಲೇ ಇಲ್ಲ. ಗಾಡಿ ಒಯ್ದಿರ್ತಾನ ಅಂತ ತಿಳಕೊಂಡಿದ್ದೆ."

ಮಾಬೂಸಾಬ ಕೇಳಿದ, "ಆ ಆದೇಶ ಈಗ ನಡೀತದೇನ್ರಿ?"

"ಯಾರೂ ರದ್ದು ಮಾಡಿಲ್ಲ. ಆದೇಶಕ್ಕ ತುಕ್ಕು ಹಿಡಿಯೂದಿಲ್ಲ," ಎಂದು ಇಜಾರಿಯವರು ಸೀದಾ ಸಾಹೇಬರ ಕೋಣೆಗೆ ಹೋದರು. ಒಳಗೆ ಏನು ಮಾತಾಯಿತೋ ಕೇಳಿಸಲಿಲ್ಲ. ಹಂಚಿನಾಳರು ಕಿಟಕಿಗೆ ಬಂದು ಗುಂಡಿಯನ್ನೊಮ್ಮೆ ನೋಡಿ, "ಒಯ್ಯಲಿ. ಆದೇಶವಿದ್ದರೆ ಒಯ್ಯಲಿ," ಎಂದರು. ಅವರ ಮುಖವೂ ದಣಿದಿತ್ತು. ತಮಗಿಂತ ಮೊದಲು ಆ ಕುರ್ಚಿಯಲ್ಲಿ ಕೂತಿದ್ದವರ ಕೆಲಸವನ್ನು ಅವರೂ ಅಂದೇ ಮೊದಲ ಸಲ ನೋಡಿದ್ದಿರಬೇಕು.

ನಾನು ಮನೆಗೆ ಹೋಗಬಹುದಿತ್ತು. ನನ್ನ ಗಾಡಿ ನನಗೆ ಬಂದಿತ್ತು. ಮಾಬೂಸಾಬ ನನ್ನ ಮುಖ ನೋಡಿದ. ನಾನು ಬುಟ್ಟಿ ಎತ್ತಿಕೊಂಡೆ. ಮತ್ತೆ ಅಷ್ಟೇ ದಿನ ಅಗೆದೆವು. ಗಾಜುಗಳನ್ನು ಯಾರೋ ಗಟ್ಟಿಯಾಗಿ ಮುಚ್ಚಿ ಹೋಗಿದ್ದರಿಂದ ಒಳಗೆ ಮಣ್ಣು ಹೋಗಿರಲಿಲ್ಲ. ಕನ್ನಡಿಗೆ ಕಟ್ಟಿದ ಹೂವಿನ ದಾರ ಹಾಗೇ ಇತ್ತು, ಹೂ ಮಾತ್ರ ಪುಡಿಯಾಗಿತ್ತು.

ರಾಚಪ್ಪಜ್ಜನನ್ನು ಇಜಾರಿಯವರು ತಮ್ಮ ಸ್ಕೂಟರಿನಲ್ಲಿ ಕೂರಿಸಿಕೊಂಡು ಬಂದರು. ಬೇಕರಿ ಬಿಟ್ಟು ಎಷ್ಟೋ ವರ್ಷವಾಗಿ, ಈಗ ಮೊಮ್ಮಗಳ ಅಂಗಡಿಯಲ್ಲಿ ಕೂರುತ್ತಾನೆ. ಬಂದವನಿಗೆ ಖುಷಿಯಾದಂತೆ ಕಾಣಲಿಲ್ಲ. "ಯಾಕ ತೆಗದ್ರಿ?" ಎಂದ. "ಆದೇಶ ಬಂದಾಗ ಮಾಡಿನ ಕಂಬಿ ಕಾಣ್ತಿತ್ತು ಅಷ್ಟ. ಅಗೀರಿ ಅಂದ್ರು. ನಾನು, ನಮ್ಮಾಕಿ ಇಬ್ಬರ. ಅಕಿಗೆ ಮೈಯಾಗ ನೆಟ್ಟಗಿರಲಿಲ್ಲ. ಎರಡು ದಿನ ಅಗದು ಬಿಟ್ಟೆ. ಬಿಟ್ಟ ಮ್ಯಾಲ ಹಗುರಾತು. ಈಗ ಮತ್ತ ಹೊರಗ ತಂದ್ರ ನಾ ಏನ್ ಮಾಡ್ಲಿ?"

"ಬ್ಯಾಡ ಅಂದ್ರ ಮುಚ್ಚಿಬಿಡ್ತೀವಿ ಅಜ್ಜಾ," ಎಂದೆ. ನಿಜವಾಗಿಯೂ ಮುಚ್ಚಿಬಿಡುತ್ತಿದ್ದೆ. ಸುಸ್ತು ಎಂದರೆ ಏನೆಂದು ನನಗೆ ಗೊತ್ತಿತ್ತು.

ಅಜ್ಜ ಮಾಬೂಸಾಬನ ಭುಜ ಹಿಡಿದು ಗುಂಡಿಗೆ ಇಳಿದ. ಬಾಗಿಲಿನ ಹಿಡಿಕೆಯನ್ನು ಮೊದಲು ಮೇಲಕ್ಕೆತ್ತಿ, ಆಮೇಲೆ ಎಳೆದ. ಬೇರೆ ಯಾರಿಗೂ ತೆರೆಯದಿದ್ದ ಬಾಗಿಲು ಅವನಿಗೆ ತೆರೆಯಿತು. ಒಳಗೆ ಹೋಗಿ ಸ್ಟೇರಿಂಗಿನ ಮುಂದೆ ಕೂತ. ಮೂಸಿ ನೋಡಿದ. "ಒಂದೀಟು ಬ್ರೆಡ್ಡಿನ ವಾಸನಿ ಐತಿ," ಎಂದ, ನಮಗಾರಿಗೂ ಬರಲಿಲ್ಲ. ಗಾಜು ಇಳಿಸಿ ಕಿಟಕಿಯಿಂದ ತಲೆ ಹೊರಗೆ ಹಾಕಿ ನನ್ನನ್ನು ಕರೆದ. "ಎಳೀತೀಯೇನವ್ವಾ?"

ಮಾಬೂಸಾಬ ಕೊಕ್ಕೆ ಸಿಕ್ಕಿಸಿದ. ಅವನು ಕೆಳಗಿರಬೇಕಾಗಿದ್ದರಿಂದ ನಾನೇ ಗಾಡಿ ಹತ್ತಿದೆ. ಕ್ಲಚ್ ಒತ್ತುವಾಗ ಮೊಣಕಾಲು ಸೀಳಿದ ಹಾಗಾಯಿತು. ಎಷ್ಟೋ ವರ್ಷವಾಗಿತ್ತು ಆ ಸೀಟಿನಲ್ಲಿ ಕೂತು. ಹಗ್ಗ ಬಿಗಿಯಾಯಿತು, ರಾಟೆ ಕಿರುಚಿತು, ಗಾಡಿಯ ಮುಂಭಾಗ ಸ್ವಲ್ಪ ಎದ್ದೂ ಎದ್ದಿತು. ಗುಂಡಿಯ ಇಳಿಜಾರಿನ ಮೇಲೆ ನೀಲಿ ಮೂತಿ ಕಾಣಿಸಿದಾಗ ದುರ್ಗಪ್ಪನೂ ಬಂದು ಹಿಂದಿನಿಂದ ಕೈಕೊಟ್ಟ. ಗೇಟು ದಾಟುವವರೆಗೆ ಅಜ್ಜ ಇಳಿಯಲಿಲ್ಲ; ಗಾಳಿಯಿಲ್ಲದ ಗಾಲಿಗಳ ಮೇಲೆ ಕುಲುಕುತ್ತ, ಸ್ಟೇರಿಂಗನ್ನು ತಾನೇ ತಿರುಗಿಸುವವನಂತೆ ಹಿಡಿದುಕೊಂಡಿದ್ದ. ರಸ್ತೆಗೆ ಬಂದ ಮೇಲೆ ಮಾಬೂಸಾಬ ಅವನನ್ನು ಇಳಿಸಿಕೊಂಡು, ಕೊಕ್ಕೆ ಬಿಚ್ಚಿ, ಮೈಯ ಮಣ್ಣು ಕೊಡವಿಕೊಂಡ. ಮರುದಿನ ಅವನು ಜೈಲಿಗೆ ಹೋಗಬೇಕಿತ್ತು. ಅವನು ಬರುವವರೆಗೆ ಖಾಜಾಬಿಯನ್ನು ನಮ್ಮ ಮನೆಯಲ್ಲಿ ಇಟ್ಟುಕೊಳ್ಳುವುದೆಂದು ನಾವು ಅಗೆಯುವಾಗಲೇ ಮಾತಾಡಿಕೊಂಡಿದ್ದೆವು. ಹಾಗೇ ಆಯಿತು, ಅವನು ಬಂದ ಮೇಲೂ ಅವಳು ಹೋಗಲಿಲ್ಲ.

ರಾಚಪ್ಪಜ್ಜ ವ್ಯಾನಿನ ಸುತ್ತ ಒಂದು ಸುತ್ತು ಹಾಕಿದ. ಮಾಡೊಂದನ್ನು ಬಿಟ್ಟು ಎಲ್ಲಿ ಮುಟ್ಟಿದರೂ ತಗಡು ಹಪ್ಪಳದ ಹಾಗೆ ಉದುರುತ್ತಿತ್ತು. "ಇಷ್ಟು ವರ್ಷ ಯಾರರ ಕೇಳಿದ್ರ, ನನ್ನ ವ್ಯಾನು ಸರಕಾರದ ಹಂತ್ಯಾಕ ಐತಿ ಅಂತಿದ್ದೆ. ಇನ್ನು ಏನಂತ ಹೇಳ್ಲಿ?" ಎಂದ.

ಮಾಬೂಸಾಬ ಅಂಗಿ ಹಾಕಿಕೊಳ್ಳುತ್ತ, "ಕೆಟ್ಟೈತಿ ಅನ್ರಿ ಅಜ್ಜಾ. ಗಾಡಿ ಇದ್ದವರು ಹಂಗ ಅಂತಾರ," ಎಂದ.

"ಕೆಟ್ಟೈತಿ," ಎಂದು ಅಜ್ಜ ಮೆಲ್ಲಗೆ ಹೇಳಿ ನೋಡಿಕೊಂಡ. ಆಮೇಲೆ ರಸ್ತೆಯಲ್ಲಿ ಹೋಗುತ್ತಿದ್ದ ಯಾರನ್ನೋ ಕೈಬೀಸಿ ನಿಲ್ಲಿಸಿ, ಅವರು ಏನೂ ಕೇಳದಿದ್ದರೂ, "ನಂದು ವ್ಯಾನು. ಕೆಟ್ಟೈತಿ," ಎಂದು ಗಟ್ಟಿಯಾಗಿ ಹೇಳಿದ.